ಜೆ ಒತ್ತುವ ಕೈ

ಬೈರಿದೇವರಕೊಪ್ಪದ ರಾಜಶೇಖರ ಮನೆಯಲ್ಲೇ ಕೂತು ಕಂಪ್ಯೂಟರಿನಲ್ಲಿ ಜಾಹೀರಾತಿನ ಕಾರ್ಟೂನು ಮಾಡುವವನು. ಚಿತ್ರದ ಅಳತೆ, ವೇಗ ಬದಲಿಸಲು ಮೌಸ್ ಹಿಡಿದು ಮೆನು ಹುಡುಕುವವರನ್ನು ಕಂಡರೆ ಅವನಿಗೆ ಮೈ ಉರಿಯುತ್ತಿತ್ತು. ಕೀಬೋರ್ಡಿನ ಕಂಟ್ರೋಲ್ ಕೀಲಿ ಹಿಡಿದು ಜೆ ಒತ್ತಿದರೆ ಮುಗಿಯಿತಲ್ಲ! ಸ್ಕೂಟರಿನಿಂದ ಬಿದ್ದು ಬಲಗೈಗೆ ಪ್ಲಾಸ್ಟರ್ ಹಾಕಿಸಿಕೊಂಡಾಗಲೂ ಹಟ ಬಿಡಲಿಲ್ಲ. ಎಡಗೈ ಬೆರಳು ಕಂಟ್ರೋಲಿನಿಂದ ಜೆ ತನಕ ಎಟುಕದೆ, "ಶಾಂಭವಿ, ಜೆ ಒತ್ತು ಬಾ" ಎಂದು ಹೆಂಡತಿಯನ್ನು ಕೂಗುತ್ತಿದ್ದ. ಅವಳು ರೊಟ್ಟಿ ಬಡಿಯುವುದನ್ನು ಬಿಟ್ಟು ಬಂದು, ಹಿಟ್ಟಿನ ಬೆರಳಲ್ಲೇ ಒತ್ತಿ ಹೋಗುತ್ತಿದ್ದಳು. "ಮೌಸ್ ಮುಟ್ಟಿದ್ರ ಮೈಲಿಗಿ ಆಗತೈತೇನ್ರಿ?" ಎಂದರೆ ಅವನು ಕೀಲಿಗೆ ಅಂಟಿದ ಹಿಟ್ಟು ಒರೆಸುತ್ತಿದ್ದ.

ಪ್ಲಾಸ್ಟರ್ ತೆಗೆಸಿಕೊಂಡು ಬಂದವನೇ ಎರಡೂ ಕೈಯಿಂದ ಕಂಟ್ರೋಲ್, ಜೆ ಒತ್ತಿ, "ನೋಡಿದೇನ, ಎಷ್ಟು ಲಗೂ ಆತು!" ಎಂದು ಬೀಗಿದ.

"ಛಲೋ ಆತು ಬಿಡ್ರಿ," ಅಡುಗೆಮನೆಯಿಂದ ಶಾಂಭವಿ ಅಂದಳು. "ಕೈ ಎರಡೂ ನೆಟ್ಟಗಾದ್ವಲ್ಲ? ಬರ್ರಿ ಹಂಗಾರ, ರೊಟ್ಟಿ ಬಡೀರಿ."