ಗಾಜಿನ ಮನೆಗೊಂದು ಹಂದರ

ಹಂಚನ್ನು ಸಿಮೆಂಟಿಗೆ ಅಂಟಿಸುತ್ತಾರೆ ಎಂದು ನನಗೆ ಗೊತ್ತಾದದ್ದು ದಾವಣಗೆರೆಗೆ ಬಂದ ಎರಡನೆಯ ದಿನ. ಬಟ್ಟೆ ಒಣಹಾಕಲು ಜಾಗ ಹುಡುಕುತ್ತಾ ಬಾಡಿಗೆ ಮನೆಯ ಪಕ್ಕದ ಕಬ್ಬಿಣದ ಏಣಿ ಹತ್ತಿದ್ದೆ. ಹಿಂದಿನ ಸಂಜೆ ಆಟೋದಿಂದ ಇಳಿದು ಆ ಮನೆಯನ್ನು ಮೊದಲು ಕಂಡಾಗ ನನ್ನ ಕಣ್ಣು ತುಂಬಿತ್ತು. ಮಂಗಳೂರಿನಿಂದ ಇಷ್ಟು ದೂರ, ಶಾಮನೂರಿನ ಹೊಸ ಬಡಾವಣೆಯಲ್ಲಿ, ನಮ್ಮೂರಿನದೇ ಕೆಂಪು ಹಂಚಿನ ಇಳಿಜಾರು ಮಾಡು! ಏಣಿಯ ಮೇಲೆ ನಿಂತು ಒಂದು ಹಂಚನ್ನು ಅಭ್ಯಾಸಬಲದಿಂದ ಎತ್ತಲು ನೋಡಿದೆ. ಅಲ್ಲಾಡಲಿಲ್ಲ. ಪಕ್ಕದ್ದೂ ಇಲ್ಲ. ಕೆಳಗೆ ಗಟ್ಟಿ ಕಾಂಕ್ರೀಟು, ಅದರ ಮೇಲೆ ಶೋಕಿಗೆ ಸಾಲಾಗಿ ಕೂರಿಸಿದ ಹಂಚು. ಕಾನ್ವೆಂಟಿನ ಹೊಲಿಗೆ ತರಗತಿಯಲ್ಲಿ ನಾವು ಕಾಜಾ ಮಾಡಲು ಬಾರದೆ ಅಂಗಿಯ ಮೇಲೆ ಬರೀ ಗುಂಡಿ ಹೊಲಿದು ಸಿಸ್ಟರಿಗೆ ತೋರಿಸುತ್ತಿದ್ದೆವಲ್ಲ, ಹಾಗೆ.

ಕಾನ್ವೆಂಟಿನ ಹಳೆಯ ಗೆಳತಿಯರು ನೀವೆಲ್ಲ ಕೇಳುತ್ತಿರುತ್ತೀರಿ, ಆ ಬಯಲುಸೀಮೆಯಲ್ಲಿ ಹೇಗಿದ್ದೀ ಎಂದು. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನನ್ನ ಗಂಡ ಸುಧಾಕರನಿಗೆ ಹರಿಹರದ ಒಂದು ಕಾರ್ಖಾನೆಯಲ್ಲಿ ಕೆಲಸ. ಮಗಳು ನಿಶಾಳ ಶಾಲೆ ದಾವಣಗೆರೆಯಲ್ಲಾದ್ದರಿಂದ ಇಲ್ಲೇ ಮನೆ ಮಾಡಿದೆವು. ಒಂದೇ ಅಂತಸ್ತಿನ ಉದ್ದನೆಯ ಮನೆ. ಬಲಗಡೆ ಮಾಲೀಕ ಬಸಣ್ಣನವರ ಸಂಸಾರ, ಎಡಗಡೆ ನಾವು. ಎರಡಕ್ಕೂ ಸೇರಿ ಒಂದೇ ಮುಖ. ಪಶ್ಚಿಮಕ್ಕೆ ತಿರುಗಿದ ಆ ಮುಖವೆಲ್ಲ ನೆಲದಿಂದ ಮೇಲಿನವರೆಗೆ ನೀಲಿ ಗಾಜು. ಇಲ್ಲಿ ಮನೆಯ ಮುಂಭಾಗಕ್ಕೆ ಎಲ್ಲರೂ ‘ಎಲಿವೇಶನ್’ ಎನ್ನುತ್ತಾರೆ, ತರಕಾರಿ ಗಾಡಿಯವನೂ.

“ಹಂಚು ಕೇರಳ ಟೈಪ್ ರೀ ಮೇಡಂ,” ಎಂದು ಬಸಣ್ಣ ಮೊದಲ ದಿನವೇ ವಿವರಿಸಿದ್ದರು. “ಗ್ಲಾಸು ಸಿಂಗಪುರ್ ಮಾಡೆಲ್. ನಮ್ಮ ಷಡ್ಡಕ ಟೂರ್ ಹೋದಾಗ ಫೋಟೋ ಹೊಡ್ಕೊಂಡು ಬಂದಿದ್ದ. ಇಂಜಿನಿಯರ್‌ಗೆ ತೋರ್ಸಿ, ಇದೇ ಬೇಕು ನೋಡಪಾ ಅಂದೆ.”

“ಇದು ಮಂಗಳೂರು ಹಂಚಲ್ವಾ?” ಎಂದೆ ನಾನು, ಮೆತ್ತಗೆ.

“ಯಾವೂರ್ದರ ಆಗ್ಲಿ ಬಿಡ್ರಿ, ಲುಕ್ ಐತಲ್ಲ!”

ಒಳಗೆ ಬಂದ ಮೇಲೆ ಸುಧಾಕರ ಹೇಳಿದ್ದು: “ಮೇಲೆ ಕೇರಳ, ಮುಂದೆ ಸಿಂಗಪುರ. ನಾವು ದಾವಣಗೆರೆಗೆ ತಲುಪುವುದು ಯಾವಾಗ?”

ನಿಜವಾಗಿ ತಲುಪಿದ್ದು ಬೇಸಗೆಯಲ್ಲಿ. ಚಳಿಗಾಲವೆಲ್ಲ ಚೆನ್ನಾಗಿಯೇ ಕಳೆಯಿತು. ಸಂಜೆ ಮಂಡಕ್ಕಿ ಮೆಣಸಿನಕಾಯಿ, ಭಾನುವಾರ ಬೆಣ್ಣೆದೋಸೆ. ನಮ್ಮಲ್ಲಿ ಗೇಟಿನ ಹೊರಗೆ ನಿಂತು ‘ಇದ್ದೀರಾ?’ ಎಂದು ಕೂಗಿ, ನಾಯಿಯನ್ನು ವಿಚಾರಿಸಿಕೊಂಡು ಒಳಗೆ ಬರುತ್ತಾರೆ. ಇಲ್ಲಿ ‘ಅಕ್ಕಾರೆ’ ಎನ್ನುವ ದನಿ ಕೇಳಿಸುವ ಹೊತ್ತಿಗೆ ಅಕ್ಕಾರೆ ಎಂದವರು ಅಡಿಗೆಮನೆಯಲ್ಲಿರುತ್ತಾರೆ, ಕೈಯಲ್ಲಿ ರೊಟ್ಟಿಯ ತಟ್ಟೆ ಹಿಡಿದು. ಬಾಗಿಲು ತಟ್ಟಿ, ಪ್ಲೀಸ್ ಎಂದು, ಉತ್ತರ ಬಂದ ಮೇಲೆಯೇ ಒಳಹೋಗಲು ಕಲಿತ ನನಗೆ ಮೊದಮೊದಲು ಎದೆ ಧಸಕ್ಕೆನ್ನುತ್ತಿತ್ತು. ಆಮೇಲೆ ಆ ದನಿ ಕೇಳದ ದಿನ ಬೇಸರವಾಗತೊಡಗಿತು.

ಶಿವರಾತ್ರಿ ಕಳೆದದ್ದೇ ಮನೆ ಕಾದ ಬಾಣಲೆಯಾಯಿತು. ಮಧ್ಯಾಹ್ನ ಒಂದರಿಂದ ಸಂಜೆ ಆರರವರೆಗೆ ಸೂರ್ಯ ನಮ್ಮ ಹಾಲಿನಲ್ಲಿಯೇ ಇರುತ್ತಿದ್ದ. ಪರದೆ ಎಳೆದರೆ ಕಾವು ಗಾಜಿಗೂ ಪರದೆಗೂ ನಡುವೆ ಸಿಕ್ಕಿಕೊಂಡು ಇನ್ನಷ್ಟು ಕೆರಳುತ್ತಿತ್ತು. ಕೂಲರ್ ಬಿಸಿಗಾಳಿಯನ್ನೇ ಒದ್ದೆ ಮಾಡಿ ಕೊಡುತ್ತಿತ್ತು. ನಮ್ಮೂರಿನ ಸೆಕೆ ಬೆವರಿಳಿಸಿ ಬಿಡುತ್ತದೆ. ಇಲ್ಲಿಯ ಬಿಸಿಲು, ಹೊರಗೆ ನಾವು ನೆರಳಿಗೆ ಸರಿದರೆ, ಸುಮ್ಮನಾಗುತ್ತದೆ, ಆದರೆ ನಮ್ಮ ಮನೆಯೊಳಗೆ ನೆರಳೇ ಇರಲಿಲ್ಲ. ನಿಶಾಳ ಕುತ್ತಿಗೆ, ಬೆನ್ನಿನ ತುಂಬ ಬೆವರುಸಾಲೆ. ರಾತ್ರಿ ತುರಿಸಿಕೊಂಡು ಅಳುತ್ತಿದ್ದಳು, ಬೆಳಿಗ್ಗೆ ಶಾಲೆಯಲ್ಲಿ ತೂಕಡಿಸುತ್ತಿದ್ದಳು.

ಅಮ್ಮ ಫೋನಿನಲ್ಲಿ ಪಟ್ಟು ಹಿಡಿದರು. “ಎಂತ ಮಾರಾಯ್ತಿ, ಮಗುವನ್ನು ಹುರಿಯುವುದಾ? ಇಲ್ಲಿಗೆ ಕರ್ಕೊಂಡು ಬಾ. ನಿನ್ನ ಕಾನ್ವೆಂಟಿನಲ್ಲಿ ಸಿಸ್ಟರ್ ಹತ್ರ ಮಾತಾಡಿದ್ದೇನೆ. ಮೂರನೇ ಕ್ಲಾಸಿಗೆ ಒಂದು ಸೀಟು ಇಡ್ತಾರಂತೆ, ಮೇ ಕೊನೆಯವರೆಗೆ.”

ಸುಧಾಕರ ಬೇಡ ಎನ್ನಲಿಲ್ಲ. “ನೀವಿಬ್ಬರೂ ಹೋದರೆ ನಾನು ಹರಿಹರದಲ್ಲಿ ಒಂದು ರೂಮು ಮಾಡಿಕೊಳ್ಳುತ್ತೇನೆ,” ಎಂದ. ಆ ಒಂಟಿ ರೂಮಿನ ಮಾತನ್ನು ನನಗೆ ತಡೆದುಕೊಳ್ಳಲಾಗಲಿಲ್ಲ. ಮೇ ಕೊನೆಯವರೆಗೆ ನೋಡುವುದು, ಆಗದಿದ್ದರೆ ಹೊರಡುವುದು ಎಂದು ಇಬ್ಬರೂ ಒಪ್ಪಿಕೊಂಡೆವು.

ಗಾಜಿನ ಮುಂದೆ ಹಸಿರು ನೆಟ್ ಆದರೂ ಕಟ್ಟಲೇ ಎಂದು ಬಸಣ್ಣನವರನ್ನು ಕೇಳಿದೆ. “ಅದೊಂದು ಬ್ಯಾಡ್ರಿ ಮೇಡಂ. ಹಿಂದಿನ ಬಾಡಿಗಿಯೋರು ಕಟ್ಟಿದ್ರು, ಕುರಿ ದೊಡ್ಡಿ ಕಂಡಂಗೆ ಕಾಣ್ತಿತ್ತು,” ಎಂದರು, ನಿಜವಾಗಿ ನೊಂದುಕೊಂಡು.

ಅವರ ತಾಯಿ ನಿಂಗಜ್ಜಿ ಪ್ರತಿ ಮಧ್ಯಾಹ್ನ ಊಟ ಮುಗಿಸಿ, ಕೈಯಲ್ಲೊಂದು ಕೋಲು ಹಿಡಿದು, “ಮೆಕ್ಕಿಜೋಳ ಕಾಯಾಕೆ ಹೊಂಟೆ,” ಎಂದು ಮನೆ ಬಿಡುತ್ತಿದ್ದರು. ಶಾಮನೂರಿನ ಹಳೆಯ ಊರೊಳಗೆ, ನಮ್ಮಿಂದ ನಾಲ್ಕು ಬೀದಿ ಆಚೆ, ಅವರ ಹಿಂದಿನ ಮನೆ ಇತ್ತು. ಈಗ ಅದು ಬೆಳೆ ಇಡುವ ಉಗ್ರಾಣ. ಒಂದು ದಿನ ಅಜ್ಜಿ ನೀರಿನ ಬಾಟಲಿ ಮರೆತು ಹೋದರೆಂದು ನಾನೇ ಒಯ್ದೆ. ಹೋಗಿ ನೋಡಿದರೆ ಅಜ್ಜಿ ಚೀಲಗಳ ನಡುವೆ ಕಂಬಳಿ ಹಾಸಿಕೊಂಡು ಗೊರಕೆ ಹೊಡೆಯುತ್ತಿದ್ದಾರೆ!

ಬಾಗಿಲು ದಾಟಿದ ಕೂಡಲೇ ಹಣೆಗೆ ಯಾರೋ ಒದ್ದೆ ಬಟ್ಟೆ ಇಟ್ಟಂತಾಯಿತು. ಅದು ಮಾಳಿಗೆ ಮನೆ. ಅಂದರೆ ಮರದ ತೊಲೆಗಳ ಮೇಲೆ ಒತ್ತಾಗಿ ಹಲಗೆ ಜೋಡಿಸಿ, ಅದರ ಮೇಲೆ ಮೊಳದಷ್ಟು ಮಣ್ಣು ಹಾಕಿದ ಸಮತಟ್ಟು ಚಾವಣಿ. ಗೋಡೆಯ ದಪ್ಪಕ್ಕೆ ನಿಶಾ ಅಡ್ಡಡ್ಡ ಮಲಗಬಹುದಿತ್ತು. ಚಾವಣಿಯಲ್ಲೊಂದು ಬೆಳಕಿಂಡಿ, ಅದರಿಂದ ಬಿದ್ದ ಬಿಸಿಲು ನೆಲದ ಮೇಲೆ ತಟ್ಟೆಯಷ್ಟೇ ಜಾಗ ಹಿಡಿದಿತ್ತು.

ಅಜ್ಜಿಗೆ ಎಚ್ಚರವಾಯಿತು. ಸಿಕ್ಕಿಬಿದ್ದ ಮಗುವಿನಂತೆ ನಕ್ಕರು. “ನನ್ನ ಮಗಗೆ ಹೇಳಬ್ಯಾಡ ತಾಯಿ. ಆಸಿ ಮಾಡಿ ಕಟ್ಟ್ಯಾನ. ಒಳಗ ಕುಂದ್ರಾಕ ಆಗಲ್ಲ ಅಂದ್ರ ಸಣ್ಣ ಮಾರಿ ಮಾಡ್ಕಂತಾನ.”

ಅಂದಿನಿಂದ ಕೆಲವು ಮಧ್ಯಾಹ್ನ ನಾನೂ ನಿಶಾಳೂ ಮೆಕ್ಕೆಜೋಳ ಕಾಯಲು ಹೋದೆವು. ನಾನು ನಮ್ಮೂರಿನ ಹಂಚಿನ ಮನೆಯ ಬಡಾಯಿ ಶುರುಮಾಡಿದೆ. ಹಂಚುಗಳ ಸಂದಿಯಲ್ಲಿ ಗಾಳಿ ಓಡಾಡುವುದು, ಕೆಳಗೆ ಅಟ್ಟ, ಮುಂದೆ ಜಗಲಿ, ಅದೆಲ್ಲ ನಮ್ಮ ಹಿರಿಯರ ಜಾಣತನ ಎಂದೆ. ಅಜ್ಜಿ ಎಲ್ಲವನ್ನೂ ಕೇಳಿ, “ಹಂಚಿಗಿಂತ ಮುಂಚೆ ಏನಿತ್ತವ್ವ?” ಎಂದರು.

“ಮುಳಿಹುಲ್ಲಿನ ಮಾಡು ಅಜ್ಜಿ.”

“ಮತ್ತ ಹಂಚು ಯಾರು ಮಾಡಿದ್ದು?”

ಜರ್ಮನಿಯಿಂದ ಬಂದ ಪಾದ್ರಿಗಳು ಹಂಚಿನ ಕಾರ್ಖಾನೆ ತೆಗೆದದ್ದು ನಮಗೆ ಶಾಲೆಯಲ್ಲೇ ಹೇಳಿಕೊಟ್ಟಿದ್ದರು. ಅದನ್ನೇ ಹೇಳಿದೆ.

“ಅಂದ್ರ ನಿಮ್ದೂ ಪರದೇಶಿ ಮಾಡೆಲ್ಲೇ!” ಅಜ್ಜಿ ಕೋಲು ಕುಟ್ಟಿ ನಕ್ಕರು. “ನಮ್ಮ ಬಸ್ಯಾ ಒಬ್ಬನ್ನ ಯಾಕ ಬೈತೀಯ?”

ಇನ್ನೊಂದು ಪಾಠ ಬಸಣ್ಣನವರಿಂದಲೇ ಸಿಕ್ಕಿತು. ಹಳೆಯ ಮನೆ ಎಷ್ಟು ತಂಪು ಎಂದು ಒಮ್ಮೆ ಬಾಯಿಜಾರಿ ಹೊಗಳಿಬಿಟ್ಟೆ. ಅವರು ನಗಲಿಲ್ಲ. “ತಣ್ಣಗೈತೆ ಅಂತ ನೀವು ಅಂತೀರಿ ಮೇಡಂ. ಮಳಿಗಾಲ ಬರೋಕೆ ಮುಂಚೆ ವರ್ಷಾ ವರ್ಷಾ ಸವಳು ಮಣ್ಣು ಹೊತ್ತು ಮಾಳಿಗಿ ಮ್ಯಾಲೆ ಹಾಕಿದೋರು ನಾವು. ಇಲ್ಲಾಂದ್ರೆ ಸೋರ್ತಿತ್ತು. ಚೇಳು ಉದುರ್ತಿದ್ವು. ಹೈಸ್ಕೂಲಿನ್ಯಾಗ ನನ್ನ ಮಣ್ಣು ಮನಿ ಬಸ್ಯಾ ಅಂತಿದ್ರು.” ಆಮೇಲೆ ಆ ನೀಲಿ ಗಾಜನ್ನು ನೋಡಿ ಮನಸ್ಸಿನಲ್ಲೂ ನಗಲು ನನಗಾಗಲಿಲ್ಲ.

ಒಂದು ಭಾನುವಾರ ಹರಿಹರೇಶ್ವರನ ಗುಡಿಗೆ ಹೋಗಿದ್ದೆವು. ಉರಿಬಿಸಿಲು. ನಿಶಾ ಮುಂದಿನ ಮಂಟಪದ ಕಲ್ಲಿನ ಆಸನಕ್ಕೆ ಒರಗಿಕೊಂಡವಳು ಎರಡು ಗಂಟೆ ಏಳಲಿಲ್ಲ, ತುರಿಸಿಕೊಳ್ಳಲೂ ಇಲ್ಲ. ಸುತ್ತಲೂ ಗೋಡೆಯೇ ಇಲ್ಲ. ಕಲ್ಲಿನ ಸೂರು ಹೊರಕ್ಕೆ ಚಾಚಿ ಬಿಸಿಲನ್ನು ಹೊರಗೇ ನಿಲ್ಲಿಸಿತ್ತು. ಬಿಸಿಲು ಒಳಗೆ ಬಂದ ಮೇಲೆ ಅದರೊಡನೆ ಜಗಳವಾಡಿ ಫಲವಿಲ್ಲ, ಬಾಗಿಲಲ್ಲೇ ತಡೆಯಬೇಕು. ಬಸ್ಸಿನಲ್ಲಿ ಮರಳುವಾಗ ಅದನ್ನೇ ಸುಧಾಕರನಿಗೆ ಹೇಳಿದೆ. “ಬಸಣ್ಣನವರಿಗೆ ಹೇಳುವವರು ಯಾರು?” ಎಂದ. ನಾನು ನಿಂಗಜ್ಜಿಗೆ ಹೇಳಿದೆ. ಮೇ ಕೊನೆಯ ಕರಾರನ್ನೂ ಹೇಳಿದೆ. ಅಜ್ಜಿ ನಿಶಾಳ ಬೆನ್ನನ್ನು ಒಮ್ಮೆ ತಡವಿ ನೋಡಿದರು.

ಏಪ್ರಿಲ್‌ನಲ್ಲಿ ಬಸಣ್ಣನವರ ಮಗಳು ಕಾವ್ಯಳ ಮದುವೆ ಬಂತು. ನಾವು ಚಪ್ಪರ ಎನ್ನುವುದಕ್ಕೆ ಇಲ್ಲಿ ಹಂದರ ಎನ್ನುತ್ತಾರೆ; ಮಾತಿನಲ್ಲಿ ಹಂದ್ರ. ಮದುವೆ ಕಲ್ಯಾಣಮಂಟಪದಲ್ಲಿ ನಡೆದರೂ ಮನೆಯ ಮುಂದೆ ಹಂದರ ಬೇಕೇ ಬೇಕು.

“ಯವ್ವಾ, ಡೆಕೊರೇಶನ್‌ನೋರು ಬಟ್ಟಿ, ಲೈಟು, ಥರ್ಮಕೋಲಿನ ಕಮಾನು ತರ್ತಾರೆ. ಗರಿ ಗಿರಿ ಬ್ಯಾಡ,” ಎಂದರು ಬಸಣ್ಣ.

“ಮಂಟಪದಾಗ ನೀನು ಥರ್ಮಕೋಲರ ಹಾಕು, ಐಸ್‌ಕ್ರೀಮರ ಹಾಕು. ಮನಿ ಮುಂದ ಹಸಿ ಗರಿ ಹಂದ್ರ ಆಗ್ಬೇಕು. ಇಲ್ಲಾಂದ್ರ ಹುಡುಗಿಗೆ ಅರಿಶಿಣ ಹಚ್ಚಾಕ ನಾ ಬಿಡಾಂಗಿಲ್ಲ.”

“ಎಲಿವೇಶನ್ ಪೂರಾ ಮುಚ್ಚತೈತಲ್ಲ ಬೇ!”

“ಬೀಗ್ರು ಹುಡುಗಿ ಕರ್ಕಂಡು ಹೋಗಾಕ ಬರ್ತಾರೋ, ನಿನ್ನ ಗಾಜು ಕರ್ಕಂಡು ಹೋಗಾಕ ಬರ್ತಾರೋ?”

ಹತ್ತಿರದ ಹದಡಿ ಹಳ್ಳಿಯ ಬಂಧುಗಳ ತೋಟದಿಂದ ಟ್ರ್ಯಾಕ್ಟರ್ ತುಂಬ ತೆಂಗಿನ ಗರಿ ಬಂತು. ಕಂಬ ನೆಡುವವರು ಬಸಣ್ಣನವರ ಭಾಗದ ಮುಂದೆ ಮಾತ್ರ ಅಳತೆ ಹಾಕುತ್ತಿದ್ದರು. ಅಜ್ಜಿ ಕೋಲು ಎತ್ತಿದರು. “ಅರ್ಧ ಮನಿಗೆ ಹಂದ್ರ ಹಾಕ್ತಾರೇನ್ರೋ? ಆ ತುದಿ ತನಕ ಎಳೀರಿ.” ಎಳೆದರು. ನನ್ನತ್ತ ತಿರುಗಿ ಅಜ್ಜಿ ಒಂದು ಕಣ್ಣು ಮುಚ್ಚಿ ತೆರೆದರು.

ಅಂದು ಮಧ್ಯಾಹ್ನ ಮೊದಲ ಬಾರಿಗೆ ನಮ್ಮ ಹಾಲಿನ ನೆಲ ಕಾಲಿಗೆ ತಣ್ಣಗೆ ತಗಲಿತು. ಹಸಿ ಗರಿಯ ವಾಸನೆ ಒಳಗೆಲ್ಲ. ವಾರದೊಳಗೆ ನಿಶಾಳ ಬೆನ್ನಿನ ಕೆಂಪು ಇಳಿಯಿತು.

ಮದುವೆ ಮುಗಿಯಿತು. ಹಂದರ ಬಿಚ್ಚಲೂ ಒಳ್ಳೆಯ ದಿನ ಬೇಕಂತೆ. ಅಜ್ಜಿಗೆ ಒಳ್ಳೆಯ ದಿನವೇ ಸಿಗಲಿಲ್ಲ. ಮಂಗಳವಾರ ಬ್ಯಾಡ. ಅಮಾಸಿ ಹತ್ರ ಐತೆ, ಬ್ಯಾಡ. ಹುಡುಗಿ ಒಮ್ಮೆ ತವರಿಗೆ ಬಂದು ಹೋಗೋ ತನಕ ಬ್ಯಾಡೇ ಬ್ಯಾಡ. ಅಳಿಯನಿಗೆ ಪುಣೆಯಲ್ಲಿ ತರಬೇತಿ ಎಂದು ದಂಪತಿ ಅತ್ತ ಹೋಗಿದ್ದರು. ಇದು ಅಜ್ಜಿಗೆ ದೇವರೇ ಕೊಟ್ಟ ವರ. ಅಷ್ಟರಲ್ಲಿ ಬಸಣ್ಣನವರೂ ಬೆಳಿಗ್ಗೆ ಪೇಪರು, ಸಂಜೆ ಮಂಡಕ್ಕಿ ಹಿಡಿದು ಅದರಡಿಯಲ್ಲೇ ಕೂರತೊಡಗಿದ್ದರು. ಆದರೂ ದಾರಿಯವರು “ಏನ್ ಬಸಣ್ಣ, ಇನ್ನೊಂದು ಮದಿವಿ ಐತೇನು?” ಎಂದು ಚುಚ್ಚಿದಾಗ ಅವರ ಮುಖ ಚಿಕ್ಕದಾಗುತ್ತಿತ್ತು. ಮೇ ತಿಂಗಳ ಕೊನೆಯ ವಾರ ಕಾವ್ಯ ಬಂದು ಹೋದಳು. ಗುರುವಾರ ಬೆಳಿಗ್ಗೆ ಹಂದರ ಇಳಿಯಿತು.

ಮಧ್ಯಾಹ್ನ ಸೂರ್ಯ ಮರಳಿ ನಮ್ಮ ಹಾಲಿಗೆ ಬಂದ. ಆ ಹೊತ್ತಿಗೇ ಅಮ್ಮನ ಫೋನು. “ನಾಳೆ ಹತ್ತು ಗಂಟೆಗೆ ಸಿಸ್ಟರಿಗೆ ಹೇಳ್ಬೇಕು. ಎಂತ ಹೇಳುವುದು?” “ಬರ್ತೇವೆ ಅಂತಲೇ ಹೇಳುವ ಅಮ್ಮ, ಬೆಳಿಗ್ಗೆ ಇನ್ನೊಮ್ಮೆ ಮಾತಾಡುವ,” ಎಂದೆ. ಸೂಟ್‌ಕೇಸು ಕೆಳಗಿಳಿಸಿದೆ. ನಿಶಾಳ ಪುಸ್ತಕಗಳನ್ನು ಜೋಡಿಸುವಾಗ ಕೈ ನಿಧಾನವಾಗಿಯೇ ಓಡುತ್ತಿತ್ತು.

ಸಂಜೆ ಬಾಗಿಲು ತಟ್ಟಿದ ಸದ್ದು. ಈ ಊರಿನಲ್ಲಿ ಯಾರೂ ಬಾಗಿಲು ತಟ್ಟುವುದಿಲ್ಲವಾದ್ದರಿಂದ ಗಾಬರಿಯಿಂದಲೇ ತೆರೆದೆ. ಬಸಣ್ಣ ನಿಂತಿದ್ದರು.

“ಮಧ್ಯಾಹ್ನ ಸೋಫಾದ ಮ್ಯಾಲೆ ಕುಂತಿದ್ದೆ ಮೇಡಂ, ಆಗ್ಲಿಲ್ಲ. ಅವ್ವನ ನೋಡ್ಕೊಂಡು ಬರೋಣ ಅಂತ ಹಳೇ ಮನಿಗೆ ಹೋದೆ. ಚೀಲದ ಮಧ್ಯ ಮಲಗ್ಯಾಳ. ಈ ಮನಿ ಕಟ್ಟಿದಾಗಿಂದ ಮೆಕ್ಕಿಜೋಳ ಕಾಯ್ತಾಳ ಅಂತಾನೇ ತಿಳ್ಕಂಡಿದ್ದೆ ನೋಡ್ರಿ.” ತಿರುಗಿ ಗಾಜನ್ನೊಮ್ಮೆ ನೋಡಿದರು. ಆಮೇಲೆ, “ನಿಮ್ಮೂರಾಗ ಜಗಲಿ ಹೆಂಗೆ ಇಳಿಸ್ತಾರ್ರಿ? ಗ್ಲಾಸಿಗೆ ಮೊಳಿ ಹೊಡೀದಂಗ ಆಗ್ತೈತೇನು?”

ನಿಶಾಳ ಡ್ರಾಯಿಂಗ್ ಪುಸ್ತಕದಲ್ಲಿ ಬರೆದು ತೋರಿಸಿದೆ. ಮುಂದೆ ಸಾಲಾಗಿ ಕಂಬ, ಅದರ ಮೇಲೆ ಅಂಟಿಸದೆ ಬರೀ ಜೋಡಿಸಿದ ಹಂಚು, ನಡುವೆ ಗಾಳಿಗೆ ದಾರಿ. ಅವರದು ಒಂದೇ ಷರತ್ತು: ರಸ್ತೆಯಿಂದ ನೋಡಿದರೆ ಕಂಬಗಳ ನಡುವೆ ಗಾಜು ಕಾಣಬೇಕು. ಹಿಂದಿನಿಂದ ಬಂದ ಅಜ್ಜಿ ಪೆನ್ಸಿಲು ಕಸಿದುಕೊಂಡು ಜಗಲಿಯ ಅಂಚಿಗೆ ಒಂದು ಗೀಟು ಎಳೆದರು. “ಇಲ್ಲಿ ಕಟ್ಟಿ. ದಾರ್ಯಾಗ ಹೋಗೋರು ಕುಂದ್ರಬೇಕು.” ನಮ್ಮೂರಿನ ಜಗಲಿ ಮನೆಯವರದು; ಇಲ್ಲಿಯ ಕಟ್ಟೆ ಬೀದಿಯವರದೂ ಹೌದು. ಒಪ್ಪಿದೆ.

“ಸೋಮವಾರಕ್ಕೆ ಕಂಬ ನಿಲ್ಲಿಸ್ತೀನಿ. ಹಂಚು ಬರೋ ತನಕ ಅದೇ ಗರಿ ಹಾಕೋಣು,” ಎಂದ ಬಸಣ್ಣ ತೆರೆದಿದ್ದ ಸೂಟ್‌ಕೇಸು ನೋಡಿದರು. “ಅದನ್ನ ಮ್ಯಾಲೆ ಇಟ್ಬಿಡ್ರಿ ಮೇಡಂ.”

ಮರುದಿನ ಹತ್ತಕ್ಕೆ ಮುಂಚೆ ಅಮ್ಮನಿಗೆ ಫೋನು ಮಾಡಿ ಸೀಟು ಬೇಡ ಎಂದೆ. ಸಿಸ್ಟರಿಗೆ ಈಗ ಎಂತ ಹೇಳುವುದು ಎಂದು ಅಮ್ಮ ಗೊಣಗಿದರು. ಕೊನೆಗೆ, “ಹಾಗಾದರೆ ಕುಚ್ಚಲಕ್ಕಿ ಯಾರ ಕೈಯಲ್ಲಿ ಕಳಿಸುವುದು?” ಎಂದರು. ಸುಧಾಕರ ಅಂದು ಹರಿಹರದಿಂದ ಬರುವಾಗ ಒಂದು ಕಿಲೋ ಮೈಸೂರುಪಾಕು ತಂದ.

ಹಂಚು ಬಂದಿದೆ, ಕಟ್ಟೆಯ ಗಾರೆಯೂ ಒಣಗಿದೆ. ಸಂಜೆ ಅಲ್ಲಿ ಕೂತರೆ ಮಲ್ಲಿಗೆ ನೇಯುವ ಬೆರಳಿಗೆ ನಮ್ಮೂರು, ಕಿವಿಗೆ ಈ ಊರು. ಮೊನ್ನೆ ಅಜ್ಜಿಯ ಪರಿಚಯದ ಹೆಂಗಸೊಬ್ಬರು ಸುಸ್ತಾಗಿ ಬಂದು ಕೂತು, ನನ್ನ ಎರಡು ಮಾತು ಕೇಳಿದವರೇ, “ಯಾವೂರಾತವ್ವ ನಿಂದು?” ಎಂದರು. ಏನು ಹೇಳಲಿ ಎಂದು ನಾನು ಯೋಚಿಸುವಷ್ಟರಲ್ಲಿ ನಿಂಗಜ್ಜಿ ಉತ್ತರ ಕೊಟ್ಟಾಗಿತ್ತು.

“ಆಕಿ ಇಲ್ಲೇರಾಕಿನೇ. ಮಾತೊಂದು ಇನ್ನಾ ಬಸ್ಸಿನಾಗೈತೆ, ಬರ್ತೈತೆ ಬಿಡು.”

ಎಲ್ಲರೂ ನಕ್ಕರು, ನಾನೂ ನಕ್ಕೆ. ಆ ಬಸ್ಸು ಸ್ವಲ್ಪ ತಡವಾಗಿಯೇ ಬರಲಿ ಎಂದು ಮಾತ್ರ ಯಾರಿಗೂ ಹೇಳಲಿಲ್ಲ.