ಅಕ್ಕ ಬೆಳ್ಳಗಾದ ವರ್ಷ

ನಾನು ಚಿಕ್ಕವನಿದ್ದಾಗ ನಮ್ಮ ಮನೆಯಲ್ಲಿ ಬೆಳ್ಳಗಿದ್ದವರು ಯಾರೂ ಇರಲಿಲ್ಲ. ಅಪ್ಪ, ಅವ್ವ, ನಾನು, ಎಲ್ಲರದೂ ಗುಬ್ಬಿಯ ಬಿಸಿಲಿನಲ್ಲಿ ಬೆಂದ ಬಣ್ಣ. ಅಂಥ ಮನೆಯಲ್ಲಿ ಅಕ್ಕ ಒಂದು ವರ್ಷ ಇದ್ದಕ್ಕಿದ್ದಂತೆ ಬೆಳ್ಳಗಾಗತೊಡಗಿದಳು. ಮುಖಕ್ಕೆ ಏನು ಹಚ್ಚುತ್ತಾಳೆ ಎಂದು ಓಣಿಯ ಹೆಂಗಸರು ಅವ್ವನನ್ನು ನಿಲ್ಲಿಸಿ ಕೇಳುತ್ತಿದ್ದರು. ಅವ್ವ ಹೆಮ್ಮೆಯಿಂದ ಸುಮ್ಮನೆ ನಗುತ್ತಿದ್ದಳು.

ಅಕ್ಕನ ಇನ್ನೊಂದು ಸಂಗತಿ ನನಗೊಬ್ಬನಿಗೇ ಗೊತ್ತಿತ್ತು. ಅವಳು ನನ್ನ ಸ್ಲೇಟಿನ ಬಳಪಗಳನ್ನು ಕಟುಂ ಕಟುಂ ಎಂದು ಅಗಿದು ತಿನ್ನುತ್ತಿದ್ದಳು. ಬಳಪ ಸಿಗದಿದ್ದರೆ ಹಸಿ ಅಕ್ಕಿ, ಮಳೆ ಬಂದ ದಿನ ಘಮಘಮಿಸುವ ಗೋಡೆಯ ಮಣ್ಣು. ಊಟಕ್ಕೆ ಮಾತ್ರ ನಾವೆಲ್ಲ ಎದ್ದ ಮೇಲೆಯೇ ಕೂರುತ್ತಿದ್ದಳು. ಬಸ್ಸಾರು ಮಾಡಿದ ದಿನ ಸೊಪ್ಪಿನ ಪಲ್ಯವೆಲ್ಲ ಅಪ್ಪನ ತಟ್ಟೆ, ನನ್ನ ತಟ್ಟೆ ಸೇರಿ, ಅವಳ ಪಾಲಿಗೆ ಮುದ್ದೆಯೂ ತಿಳಿಸಾರೂ ಉಳಿಯುತ್ತಿದ್ದವು.

ಕುಣಿಗಲ್ಲಿನಿಂದ ಗಂಡಿನ ಕಡೆಯವರು ಅವಳನ್ನು ನೋಡಲು ಬರುವ ದಿನ. ಮನೆಯೆಲ್ಲ ತುಪ್ಪದಲ್ಲಿ ಹುರಿದ ರವೆಯ ವಾಸನೆ. ಬಾವಿಯಿಂದ ನೀರು ತರುವಾಗ ಅಕ್ಕ ದಾರಿಯಲ್ಲೇ ಬಿಂದಿಗೆ ಇಳಿಸಿ ಕೂತುಬಿಟ್ಟಳು. ಹಿತ್ತಲ ಬಾಗಿಲಿಗೆ ಬಂದವಳೇ ನನ್ನ ಕೈ ಹಿಡಿದುಕೊಂಡಳು. ಬೆರಳುಗಳು ತಣ್ಣಗಿದ್ದವು.

“ಕಣ್ಣು ಕತ್ಲೆ ಬತ್ತದೆ ಕಣೋ. ಒಂದು ಬಳಪ ಇದ್ರೆ ಕೊಡೋ.”

ನಾನು ಓಡಿಹೋಗಿ ಅಪ್ಪನಿಗೆ ಹೇಳಿದೆ. ಅಪ್ಪ ಹೊಸ ಪಂಚೆ ಉಡುತ್ತಿದ್ದರು. “ಇವತ್ತೊಂದಿನ ಬಾಯ್ಮುಚ್ಕೊಂಡಿರ್ಲಾ. ಹೆಣ್ಣಿಗೆ ಕಾಯ್ಲೆ ಅಂತ ಕಿವಿಗೆ ಬಿದ್ರೆ ಬಂದೋರು ಹಂಗೇ ಎದ್ದೋಯ್ತಾರೆ” ಎಂದರು. ದನಿಯಲ್ಲಿ ಕೋಪವಿರಲಿಲ್ಲ, ಹೆದರಿಕೆಯಿತ್ತು.

ಅಕ್ಕ ಕಾಫಿ ತಂದಾಗ ತಟ್ಟೆಯ ಮೇಲಿನ ಲೋಟಗಳು ಒಂದಕ್ಕೊಂದು ತಾಗಿ ಸದ್ದು ಮಾಡುತ್ತಿದ್ದವು. ಗಂಡಿನ ತಾಯಿಗೆ ಆ ನಡುಕ ನಾಚಿಕೆಯಾಗಿ ಕಂಡಿತು. ಅಕ್ಕನ ಗಲ್ಲ ಹಿಡಿದು ಬೆಳಕಿನತ್ತ ತಿರುಗಿಸಿ, “ಹಾಲಿನಂಗವ್ಳೆ ಕಣಣ್ಣ ನಿಮ್ಮುಡ್ಗಿ. ನಮ್ಗೆ ಒಪ್ಗೆ” ಎಂದರು. ಅಪ್ಪ ಅಷ್ಟು ಸಂತೋಷಪಟ್ಟದ್ದನ್ನು ನಾನು ಹಿಂದೆಂದೂ ನೋಡಿರಲಿಲ್ಲ. ಒಳಗೆ ಹೋಗಿ ನೋಡಿದರೆ ಅಕ್ಕ ಕಂಬಕ್ಕೆ ಒರಗಿ ಕಣ್ಣು ಮುಚ್ಚಿ ನಿಂತಿದ್ದಳು. ಜೇಬಿನಲ್ಲಿದ್ದ ಬಳಪ ಕೊಟ್ಟೆ. ಬೇರೇನು ಕೊಡಬೇಕೆಂದು ನನಗೆ ಗೊತ್ತಿರಲಿಲ್ಲ.

ಮದುವೆಯಾಯಿತು. ಮೊದಲ ಹೆರಿಗೆಗೆ ಬಂದವಳನ್ನು ನೋವು ಶುರುವಾದಾಗ ತುಮಕೂರಿನ ಆಸ್ಪತ್ರೆಗೆ ಕರೆದುಕೊಂಡು ಹೋದರು. ಹೆರಿಗೆಯನ್ನು ತಡೆದುಕೊಳ್ಳುವಷ್ಟು ರಕ್ತ ಅವಳ ಮೈಯಲ್ಲಿರಲಿಲ್ಲ. ಅಪ್ಪ ತೋಳು ಚಾಚಿ ನಿಂತರು. ಅವರ ರಕ್ತ ಹೊಂದಲಿಲ್ಲ. ಇಷ್ಟು ದಿನ ಯಾಕೆ ತೋರಿಸಲಿಲ್ಲ ಎಂದು ಡಾಕ್ಟರು ಕೇಳಿದ್ದಕ್ಕೆ ಅಪ್ಪ, “ಬೆಳ್ಳಗವ್ಳೆ ಅನ್ಕಂಡಿದ್ವಿ ಸ್ವಾಮಿ” ಎಂದರಂತೆ. ಅಕ್ಕನೂ ಮಗುವೂ ಮನೆಗೆ ಬರಲಿಲ್ಲ.

ಮಕ್ಕಳೇ, ಈಗ ನಿಮ್ಮ ಶಾಲೆಯಲ್ಲೇ ಕಬ್ಬಿಣಾಂಶದ ಗುಳಿಗೆ ಕೊಡುತ್ತಾರೆ, ಬೆರಳು ಚುಚ್ಚಿ ರಕ್ತ ನೋಡುತ್ತಾರೆ. ಮನೆಯಲ್ಲಿ ಎಲ್ಲರೂ ಒಟ್ಟಿಗೆ ಊಟಕ್ಕೆ ಕೂರುತ್ತೀರಿ. ಆದರೂ ಮೊನ್ನೆ ಪಕ್ಕದ ಮನೆಯಾಕೆ ನನ್ನ ದೊಡ್ಡ ಮೊಮ್ಮಗಳಿಗೆ “ಎಷ್ಟ್ ಬೆಳ್ಳಗಾಗಿದೀಯೇ” ಎಂದಳು. ತಕ್ಷಣ ಮೊಮ್ಮಗಳನ್ನು ಕಿಟಕಿಯ ಬಳಿ ಕರೆದು ಅವಳ ಕಣ್ಣಿನ ಕೆಳರೆಪ್ಪೆ ಎಳೆದು ನೋಡಿದೆ. ಒಳಗೆ ಕೆಂಪಿರಲಿಲ್ಲ. ಶಾಲೆಯಲ್ಲಿ ಕೊಟ್ಟ ಗುಳಿಗೆಯನ್ನು ಏನು ಮಾಡುತ್ತೀಯ ಎಂದು ಕೇಳಿದರೆ, “ವಾಂತಿ ಬಂದಂಗಾಗುತ್ತೆ ತಾತ, ಎಸೆದ್‌ಬಿಡ್ತೀನಿ” ಎಂದು ನಕ್ಕಳು.

ಡಾಕ್ಟರಿಗೆ ತೋರಿಸಿ ಬಂದೆವು. ಈಗ ದಿನಾ ಅವಳ ಊಟ ಮುಗಿದ ಮೇಲೆ ಗುಳಿಗೆ, ಒಂದು ಲೋಟ ನಿಂಬೆಹಣ್ಣಿನ ಪಾನಕ ಹಿಡಿದು ಎದುರಿಗೆ ಕೂರುತ್ತೇನೆ. ಅಕ್ಕನಿಗೆ ಕೊಡಲು ನನ್ನ ಕೈಯಲ್ಲಿ ಬಳಪ ಮಾತ್ರ ಇತ್ತು. ಈಗ ಗುಳಿಗೆಯಿದೆ, ಆದರೆ ಮೊಮ್ಮಗಳ ಬದಲು ನಾನು ನುಂಗಲಾರೆ. ಬಾಯಿ ತೆರೆದು ತೋರಿಸುವವರೆಗೆ ಅಲ್ಲಿಂದ ಏಳುವುದಿಲ್ಲ.