ಹಕ್ಕಿಗಿಟ್ಟ ದೇಶದ ಹೆಸರು

ಕಾಗದದಲ್ಲಿ ತಪ್ಪು ಪದ ಕಂಡರೆ ಮಾಷ್ಟ್ರ ಬಲಗಣ್ಣಿನ ರೆಪ್ಪೆ ಪಟಪಟನೆ ಅದುರುತ್ತಿತ್ತು. ಎದುರು ಕೂತ ನಾನು ಆ ರೆಪ್ಪೆಯನ್ನೇ ನೋಡಿಕೊಂಡು ನನ್ನ ತಪ್ಪುಗಳನ್ನು ಹುಡುಕುತ್ತಿದ್ದೆ.

ವಡೋದರಾದ ಮಕರಪುರದಲ್ಲಿ ವಿದ್ಯುತ್ ಯಂತ್ರಗಳ ಬಿಡಿಭಾಗ ತಯಾರಿಸುವ ಕಾರ್ಖಾನೆ ನಮ್ಮದು. ಹುಬ್ಬಳ್ಳಿಯಿಂದ ಹೋದ ನಾನು ರಫ್ತು ವಿಭಾಗದಲ್ಲಿ ಹೊಸಬಳು. ಅವರು ನಿವೃತ್ತಿಯ ನಂತರವೂ ವರ್ಷ ವರ್ಷದ ಕರಾರಿನ ಮೇಲೆ ದುಡಿಯುತ್ತಿದ್ದವರು. ಹಿಂದೆ ಉಡುಪಿ ಕಡೆ ಶಾಲೆಯಲ್ಲಿ ಇಂಗ್ಲಿಷ್ ಕಲಿಸಿದ್ದರಂತೆ. ಹಾಗಾಗಿ ನನಗೆ ಅವರು ಮಾಷ್ಟ್ರು. ವಿದೇಶಕ್ಕೆ ಪತ್ರ ಬರೆಯುವುದನ್ನು ಕೈ ಹಿಡಿದು ಅಕ್ಷರ ತಿದ್ದಿಸಿದಂತೆ ಕಲಿಸಿದರು. "ಪದಕ್ಕೂ ಒಂದು ಊರುಂಟು ಮಾರಾಯ್ತಿ, ಕೇಳದೆ ಒಳಗೆ ಬಿಟ್ಟುಕೊಳ್ಳಬೇಡ" ಎನ್ನುತ್ತಿದ್ದರು.

ಒಂದು ದಿನ ಟರ್ಕಿಯಿಂದ ಖರೀದಿದಾರರೊಬ್ಬರು ಬಂದರು. ಮಧ್ಯಾಹ್ನದ ಊಟಕ್ಕೆ ಮ್ಯಾನೇಜರು ನಮ್ಮಿಬ್ಬರನ್ನೂ ಕೂರಿಸಿಕೊಂಡರು. ಅತಿಥಿ ತಮ್ಮ ದೇಶದ ಹೆಸರನ್ನು ಈಗ 'ತುರ್ಕಿಯೆ' ಎಂದೇ ಬರೆಯಬೇಕೆಂದು ಕೇಳಿಕೊಂಡರು. ಮ್ಯಾನೇಜರು ಗಹಗಹಿಸಿ, "ಯಾಕೆ, ಇಂಗ್ಲಿಷಿನ ಟರ್ಕಿ ಕೋಳಿ ಅಂತ ಕರೆಸಿಕೊಳ್ಳೋಕೆ ನಾಚಿಕೆಯಾ?" ಎಂದುಬಿಟ್ಟರು. ಅತಿಥಿ ಚಮಚ ಕೆಳಗಿಟ್ಟರು.

ಆಗ ಮಾಷ್ಟ್ರು ಮೆಲ್ಲಗೆ ಕೇಳಿದರು: "ಸರ್, ನಿಮ್ಮ ಭಾಷೆಯಲ್ಲಿ ಆ ಹಕ್ಕಿಗೆ 'ಹಿಂದಿ' ಅಂತಾರಲ್ಲವೇ? ಅಂದರೆ ಹಿಂದೂಸ್ತಾನದ್ದು. ಡಚ್ಚರು ಅದಕ್ಕೆ ಇಟ್ಟ ಹೆಸರಿನಲ್ಲಿ ನಮ್ಮ ಕಲ್ಲಿಕೋಟೆ ಇದೆ, ಪೋರ್ಚುಗೀಸರು ಪೆರು ದೇಶದ ಹೆಸರನ್ನೇ ಇಟ್ಟು 'ಪೆರು' ಅಂತಾರೆ. ನಿಮ್ಮ ವ್ಯಾಪಾರಿಗಳು ತಂದ ಬೇರೊಂದು ಕೋಳಿಯ ಜೊತೆ ಗೊಂದಲವಾಗಿ ಇಂಗ್ಲಿಷರು ಟರ್ಕಿ ಅಂದರು. ಪಾಪ, ಅದು ಅಮೆರಿಕದ ಹಕ್ಕಿ. ಎಲ್ಲರೂ ಅದನ್ನು ಪರದೇಶದ ಬಾಗಿಲಿಗೇ ಬಿಟ್ಟು ಬಂದರು."

ಅತಿಥಿ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಹೊರಡುವಾಗ ಮೊದಲು ಕುಲುಕಿದ್ದು ಮಾಷ್ಟ್ರ ಕೈಯನ್ನು. ಮ್ಯಾನೇಜರ ಚಾಚಿದ ಕೈ ಗಾಳಿಯಲ್ಲೇ ಉಳಿದಿದ್ದನ್ನು ನಾನು ಕಂಡೆ.

ವಾರದೊಳಗೆ ಮ್ಯಾನೇಜರು ಟೈಪು ಮಾಡಿದ ಹಾಳೆಯೊಂದನ್ನು ನನ್ನ ಮುಂದಿಟ್ಟರು. ಮಾಷ್ಟ್ರು ಗ್ರಾಹಕರೆದುರು ಅಧಿಕಪ್ರಸಂಗ ಮಾಡಿದರು, ಭಾರತವನ್ನು ಕೋಳಿಗೆ ಹೋಲಿಸಿ ಅವಮಾನಿಸಿದರು ಎಂದಿತ್ತು. "ಸಹಿ ಮಾಡಿ ಬೆನ್" ಎಂದರು, ಗುಜರಾತಿಯಲ್ಲಿ ತಂಗಿಯನ್ನು ಕರೆಯುವ ಹಾಗೆ. "ಬರೀ ಫಾರ್ಮಾಲಿಟಿ. ನಿಮ್ಮ ನೌಕರಿ ಇನ್ನೂ ಖಾಯಂ ಆಗಿಲ್ಲ ಅಲ್ವಾ?"

ಮಾಡಿದೆ. ಕೈ ನಡುಗಲಿಲ್ಲ. ನಡುಗಿತ್ತೆಂದು ಬಹಳ ದಿನ ನನಗೆ ನಾನೇ ಹೇಳಿಕೊಂಡಿದ್ದೆ.

ಮಾಷ್ಟ್ರ ಕರಾರು ಮುಂದುವರಿಯಲಿಲ್ಲ. ಮೇಜು ಖಾಲಿ ಮಾಡುವ ದಿನ ನಾನು, "ಸರ್, ನಂದೂ ನೌಕ್ರಿ ಹೋಗ್ತಿತ್ರಿ" ಎಂದೆ.

"ಆ ಹಾಳೆ ಓದಿದೆ. ಅದರಲ್ಲಿ 'ಹೋಲಿಸಿದರು' ಅಂತ ಉಂಟು. ನಾನು ಹೋಲಿಸಲಿಲ್ಲ, ವಿವರಿಸಿದೆ. ನೀನಾದರೂ ಆ ಕ್ರಿಯಾಪದ ತಿದ್ದಬಹುದಿತ್ತು." ಅಷ್ಟೇ ಅಂದರು. ಬೈದಿದ್ದರೆ ನನಗೆ ಹಗುರಾಗುತ್ತಿತ್ತು.

ನೌಕರಿ ಖಾಯಮಾಯಿತು. ಅವರು ಸೂರತ್‌ನಲ್ಲಿದ್ದ ಮಗಳ ಮನೆ ಸೇರಿದರು. ಫೋನು ಮಾಡಬೇಕೆಂದುಕೊಂಡು ಎರಡು ವರ್ಷ ಕಳೆದೆ. ಕೊನೆಗೆ ಅವರು ತೀರಿಕೊಂಡ ಸುದ್ದಿ ವಾಟ್ಸಾಪಿನಲ್ಲಿ ಬಂತು. ಬೆಳಗಿನ ರೈಲು ಹತ್ತಿ ಹೋದೆ. ಗುಜರಾತಿನಲ್ಲೇ ಹುಟ್ಟಿ ಬೆಳೆದ ಮಗಳಿಗೆ ಕನ್ನಡ ಅಷ್ಟಕ್ಕಷ್ಟೆ. ನನ್ನ ಹೆಸರು ಕೇಳಿದ್ದೇ ಎರಡೂ ಕೈ ಹಿಡಿದುಕೊಂಡಳು.

"ದೀದಿ, ಪಪ್ಪಾ ನಿಮ್ದು ತುಂಬಾ ಹೇಳ್ತಿದ್ರು. ಕಂಪನಿಯಲ್ಲಿ ಎಲ್ಲಾ ಅಗೇನ್ಸ್ಟ್ ಆದ್ರು, ಆ ಹುಡುಗಿ ಒಬ್ಬಳೇ ನನ್ನ ಸೈಡ್ ನಿಂತಳು ಅಂತ."

ನಾನು ತಿದ್ದಲಿಲ್ಲ. ಅವಳು ತಂದಿಟ್ಟ ಚಹಾ ಕುಡಿದು, ತಲೆಯಾಡಿಸಿ, ಎದ್ದು ಬಂದೆ.